ಆಕಾಶದ ಹಡಗಿನವರಿಗೆ ಇಟ್ಟ ಎಡೆ

ಬಸ್ಸು ನಿಲ್ಲಿಸಿ ಎಂದು ನಾನು ಎದ್ದು ನಿಂತಾಗ ಜೊತೆಯವರೆಲ್ಲ ನನಗೆ ಹೊಟ್ಟೆ ಕೆಟ್ಟಿದೆ ಎಂದುಕೊಂಡರು. ನಮ್ಮದು ನಿವೃತ್ತ ಶಿಕ್ಷಕರ ತಂಡ, ವಿಜಯನಗರ, ಬಸವೇಶ್ವರನಗರದ ಕಡೆಯವರೇ ಹೆಚ್ಚು. ಪ್ಯಾರಿಸ್ ನೋಡಿ ಮುಗಿಸಿ ಇಂಗ್ಲೆಂಡಿಗೆ ಹೋಗಲು ಸಮುದ್ರದ ಕಡೆ ಹೊರಟಿದ್ದೆವು. ದಾರಿಯಲ್ಲಿ ಬೋವೆ ಎಂಬ ಊರಿನ ಹತ್ತಿರ ನಾನು ಸ್ವಲ್ಪ ಹೊತ್ತು ಇಳಿಯಬೇಕು ಎಂದು ಗೈಡ್ ಹುಡುಗನಿಗೆ ಬೆಂಗಳೂರಿನಲ್ಲೇ ಹೇಳಿ ಒಪ್ಪಿಸಿದ್ದೆ. ಅವನು ಮರೆತಿದ್ದ. ನಾನು ಮರೆಯುವವಳಲ್ಲ.

ರಸ್ತೆಯ ಪಕ್ಕದಲ್ಲೇ ಕಲ್ಲಿನ ಸ್ಮಾರಕವಿತ್ತು. ಇಂಗ್ಲೆಂಡಿನಿಂದ ನಮ್ಮ ದೇಶಕ್ಕೆಂದು ಹೊರಟ, ಗಾಳಿಗಿಂತ ಹಗುರವಾದ ಅನಿಲ ತುಂಬಿದ ಆಕಾಶದ ಹಡಗೊಂದು ಸಾವಿರದ ಒಂಬೈನೂರ ಮೂವತ್ತರ ಅಕ್ಟೋಬರಿನಲ್ಲಿ, ಮಳೆಗಾಳಿಯ ರಾತ್ರಿ, ಅಲ್ಲಿ ನೆಲಕ್ಕೆ ಬಡಿದು ಉರಿದುಹೋಗಿತ್ತು. ಬೆರಳೆಣಿಕೆಯಷ್ಟು ಜನ ಬಿಟ್ಟರೆ ಒಳಗಿದ್ದವರು ಯಾರೂ ಉಳಿಯಲಿಲ್ಲ. ಹಡಗು ಬಿದ್ದ ಜಾಗ ಸ್ಮಾರಕದಿಂದ ಒಳಗೆ, ಮರಗಳ ಅಂಚಿನಲ್ಲಿದೆ ಎಂದು ಗೈಡ್ ಕೈ ತೋರಿಸಿದ. ನಾನು ಸೀರೆ ಎತ್ತಿ ಸಿಕ್ಕಿಸಿಕೊಂಡು ಹೊಲದ ಬದುವಿನ ಮೇಲೆ ನಡೆದೆ. ಜೊತೆಯವರು ಬಸ್ಸಿನಲ್ಲೇ ಕೂತು ಕೋಡುಬಳೆ ತಿಂದರು. ಡ್ರೈವರ್ ಹಾರ್ನ್ ಮಾಡಿದ. ಮಾಡಲಿ ಎಂದು ಮುಂದಕ್ಕೆ ಹೋದೆ.

ಅಲ್ಲಿ ನಾನು ಮೊದಲು ಹುಡುಕಿದ್ದು ಒಂದು ಹಸುವನ್ನು. ಹಸು ಇರಲಿಲ್ಲ. ಗಿಡ ಕಿತ್ತ ಹೊಲ, ಅದರಾಚೆ ಮರಗಳು, ಸಣ್ಣಗೆ ಹನಿ. ಬಗ್ಗಿ ಒಂದು ಹಿಡಿ ಮಣ್ಣು ತೆಗೆದೆ. ಒದ್ದೆ ಮಣ್ಣಿನ ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಫ್ರಾನ್ಸಿನಲ್ಲಿ ಇರಲಿಲ್ಲ. ಕುರುಬರಹಳ್ಳಿಯಲ್ಲಿ, ನಮ್ಮ ಮನೆಯ ಹಿಂದಿನ ರಾಗಿ ಹೊಲದಲ್ಲಿ ಇದ್ದೆ. ನನ್ನ ಜೊತೆ ಬೆಳೆದ ಮುನಿರಾಜುವಿನ ಮೇಲೆ ನನಗೆ ಆಗಿನಷ್ಟೇ ಹೊಟ್ಟೆ ಉರಿಯುತ್ತಿತ್ತು.

ಐವತ್ತರ ದಶಕದ ನಡುವಿನ ವರ್ಷ ಅದು. ನಮ್ಮ ಊರಿನ ಪಕ್ಕದಲ್ಲಿ ರಾಜಾಜಿನಗರ ಬಡಾವಣೆ ಆಗಿನ್ನೂ ಏಳುತ್ತಿತ್ತು. ರಸ್ತೆಗೆಂದು ಅಗೆದ ಕೆಂಪು ಮಣ್ಣು, ಸೈಟು ಸೈಟಿಗೂ ನೆಟ್ಟ ಕಲ್ಲು, ನಡುನಡುವೆ ಕಾರ್ಖಾನೆಯವರ ಪುಟ್ಟ ಮನೆಗಳು. ನಮ್ಮ ಹೊಲದಲ್ಲೂ ಒಂದಷ್ಟು ಬಡಾವಣೆಗೆ ಹೋಗಿತ್ತು. ಉಳಿದದ್ದರಲ್ಲಿ ಅಪ್ಪ ರಾಗಿ, ಅವರೆ ಬೆಳೆಯುತ್ತಿದ್ದ. ನಾನು ಹೊಸ ಬಡಾವಣೆಯ ಪ್ರೈಮರಿ ಶಾಲೆಯಲ್ಲಿ ಮೇಡಮ್ಮಾಗಿ ಸೇರಿದ್ದೆ. ನಮ್ಮ ಊರಿನಲ್ಲಿ ಚಪ್ಪಲಿ ಹಾಕಿಕೊಂಡು ಕೆಲಸಕ್ಕೆ ಹೋದ ಮೊದಲ ಹೆಣ್ಣು ನಾನೇ. ಜಂಬವಿತ್ತು, ಇರಬೇಕಾದದ್ದೇ.

ಮದುವೆಗೆ ಮೊದಲು ಅಪ್ಪ ಕಬ್ಬಿಣದ ಕೆಲಸದ ಮೇಸ್ತ್ರಿಯೊಬ್ಬನ ಹಿಂದೆ ಕರಾಚಿಗೆ ಹೋಗಿದ್ದ. ಅಲ್ಲಿ ಆಕಾಶದ ಹಡಗು ಬಂದು ತಂಗಲೆಂದು ದೊಡ್ಡದೊಂದು ಶೆಡ್ಡು ಕಟ್ಟುತ್ತಿದ್ದರು. ಅಪ್ಪ ಅದನ್ನು ಹಡಗಿನ ಕೊಟ್ಟಿಗೆ ಎನ್ನುತ್ತಿದ್ದ. ನಮ್ಮ ಊರು ಪೂರ್ತಿ ಅದರೊಳಗೆ ಹಿಡಿಯುತ್ತಿತ್ತು, ಗುಡಿಯ ಗರುಡಗಂಬ ಸಮೇತ ಎನ್ನುತ್ತಿದ್ದ. ತೊಲೆಗಳ ಮೇಲೆ ಹತ್ತಿ ಕೂತು ರಿವಿಟ್ ಹೊಡೆದವರಲ್ಲಿ ಅವನೂ ಒಬ್ಬ. ಕೊಟ್ಟಿಗೆ ಸಿದ್ಧವಾಯಿತು, ಹಡಗು ಹೊರಟಿತು ಎಂಬ ಸುದ್ದಿಯೂ ಬಂತು. ಕೆಲಸದವರೆಲ್ಲ ದಿನಾ ಪಡುವಣ ದಿಕ್ಕು ನೋಡುತ್ತಾ ನಿಂತಿದ್ದರಂತೆ. ಬಂದದ್ದು ಬೆಂಕಿಯ ಸುದ್ದಿ.

ಅಪ್ಪ ಊರಿಗೆ ಹಿಂತಿರುಗಿದ ಮೇಲೆ, ಮಾಳಯ ಅಮಾವಾಸ್ಯೆಯಲ್ಲಿ ಹಿರಿಯರಿಗೆ ಎಡೆ ಇಡುವಾಗ, ಪಕ್ಕದಲ್ಲಿ ಇನ್ನೊಂದು ಎಲೆ ಹಾಸಲು ಶುರು ಮಾಡಿದ. ನಮ್ಮಲ್ಲಿ ಎಡೆಯೆಂದರೆ ಸತ್ತವರಿಗೆ ಬದುಕಿದ್ದಾಗ ಏನು ಇಷ್ಟವೋ ಅದನ್ನೆಲ್ಲ ಮಾಡಿ ಎಲೆಯ ಮೇಲೆ ಬಡಿಸಿ, ಧೂಪ ಹಾಕಿ, ಬಾಗಿಲು ಮುಚ್ಚಿಕೊಂಡು ಹೊರಗೆ ನಿಲ್ಲುವುದು. ಒಳಗೆ ಅವರು ಬಂದು ಯಾರ ಸಂಕೋಚವೂ ಇಲ್ಲದೆ ಉಣ್ಣಬೇಕು. ತಾತನ ಎಲೆಗೆ ಮುದ್ದೆ, ಬಾಡಿನ ಸಾರು, ನಶ್ಯ. ಪಕ್ಕದ ಎಲೆಗೆ ಬನ್ನು, ಬೆಣ್ಣೆ, ಬೇಯಿಸಿದ ಮೊಟ್ಟೆ, ಖಾರವಿಲ್ಲದ ಸಾರು, ಒಂದು ಲೋಟ ಟೀ, ಸಿಗರೇಟು. ನನ್ನ ಅವ್ವನಿಗೆ ಇದು ಸುತರಾಂ ಹಿಡಿಸುತ್ತಿರಲಿಲ್ಲ.

"ಹೆಸ್ರು ಗೊತ್ತಿಲ್ಲ, ಕುಲ ಗೊತ್ತಿಲ್ಲ. ಯಾರಿಗೆ ಅಂತ ಇಡ್ತೀಯ ಇದನ್ನ?" ಎಂದು ಪ್ರತಿ ವರ್ಷ ಕೇಳುತ್ತಿದ್ದಳು.

"ನಾವು ಮನೆ ಕಟ್ಕೊಂಡು ಕಾಯ್ತಾ ಇದ್ವಿ. ಅವರು ಹೊರಟೂ ಬಿಟ್ಟಿದ್ರು. ದಾರೀಲಿ ಹೋಗ್ಬಿಟ್ರು ಕಣೆ. ಬರೋ ನೆಂಟರು ಹಂಗೆ ಹಸ್ಕೊಂಡು ಹೋದ್ರೆ ನಮಗೆ ಒಳ್ಳೇದಾಗ್ತದಾ?" ಎಂದು ಅಪ್ಪನೂ ಪ್ರತಿ ವರ್ಷ ಅದೇ ಉತ್ತರ ಹೇಳುತ್ತಿದ್ದ.

ಈ ಕಥೆ ಕೇಳಿ ಬೆಳೆದವರು ಇಬ್ಬರು, ನಾನು ಮತ್ತು ಮುನಿರಾಜು. ಅವನು ನನ್ನ ಚಿಕ್ಕಪ್ಪನ ಮಗ, ನನಗಿಂತ ಚಿಕ್ಕವನು. ಚಿಕ್ಕಪ್ಪ ಚಿಕ್ಕಮ್ಮ ಬೇಗ ತೀರಿಕೊಂಡಿದ್ದರಿಂದ ನಮ್ಮ ಮನೆಯಲ್ಲೇ ಬೆಳೆದ. ರಾಗಿ ಮೆದೆಯ ಮೇಲೆ ಕೂತು ಅಪ್ಪ ಹೇಳಿದ್ದನ್ನೇ ನಾನು ಅವನಿಗೆ ಮತ್ತೆ ಹೇಳುತ್ತಿದ್ದೆ. ಅಪ್ಪ ಹೇಳಿದಷ್ಟು ನನಗೆ ಸಾಲುತ್ತಿರಲಿಲ್ಲ. ಹಡಗಿಗೆ ಕೊಟ್ಟಿಗೆ ಇದ್ದ ಮೇಲೆ ಹಸು ಇರಬಾರದೇ ಎಂದು ಒಂದು ಹಸುವನ್ನು ಸೇರಿಸಿದೆ. ಹಡಗು ಬಿದ್ದ ಗುಡ್ಡದ ಮೇಲೆ ಆ ರಾತ್ರಿ ಒಂದು ಹಸು ಮಲಗಿತ್ತು, ಬೆಂಕಿಯಲ್ಲಿ ಅದರ ಎಡಗೊಂಬು ಸುಟ್ಟು ಕರಿಕಾಯಿತು, ಆದರೂ ಅದು ಜಾಗ ಬಿಟ್ಟು ಹೋಗಲಿಲ್ಲ, ಬೆಳಗಿನವರೆಗೆ ಸತ್ತವರನ್ನು ಕಾಯಿತು. ಮುನಿರಾಜು ಬಾಯಿ ಬಿಟ್ಟುಕೊಂಡು ಕೇಳುತ್ತಿದ್ದ. ಒಮ್ಮೆ ಅಪ್ಪನೂ ಕಣದ ಪಕ್ಕ ನಿಂತು ಕೇಳಿಸಿಕೊಂಡು ಹೋದ.

ಭೂಗೋಳದಲ್ಲಿ ಯಾವಾಗಲೂ ನಾನೇ ಮುಂದು. ಅವನು ಕರಾಚಿಯನ್ನು ಸಿಲೋನಿನಲ್ಲಿ ಹುಡುಕುತ್ತಿದ್ದ. ಆದರೂ ಕಾರ್ಖಾನೆ ಸೇರಿದ್ದು ಅವನು. ಆ ವರ್ಷ ಯುಗಾದಿ ಕಳೆದ ಮೇಲೆ ತರಬೇತಿಗೆಂದು ಇಂಗ್ಲೆಂಡಿಗೆ ಆರಿಸಿ ಕಳಿಸಿದ್ದೂ ಅವನನ್ನೇ. ಊರಿನವರು ಸ್ಟೇಷನ್ನಿನವರೆಗೆ ಹೋಗಿ ಹಾರ ಹಾಕಿದರು. ಪೆಟ್ಟಿಗೆಗೆ ಬಟ್ಟೆ ಜೋಡಿಸಿದವಳು ನಾನು, ಟೈ ಕಟ್ಟುವುದನ್ನು ಶಾಲೆಯ ಹೆಡ್‌ಮೇಷ್ಟ್ರಿಂದ ಕಲಿತು ಅವನಿಗೆ ಕಲಿಸಿದವಳೂ ನಾನು. ಗಂಟು ಸ್ವಲ್ಪ ಬಿಗಿಯಾಗಿಯೇ ಎಳೆದೆ.

ಹೊರಡುವ ಮುಂಚೆ ಅಪ್ಪ ಅವನನ್ನು ಜಗಲಿಯ ಮೇಲೆ ಕೂರಿಸಿಕೊಂಡು ಒಂದೇ ಒಂದು ಮಾತು ಹೇಳಿದ. "ಆ ಹಡಗು ಬಿದ್ದ ಜಾಗಕ್ಕೆ ಹೋಗಿ ಬಾ ಮಗಾ. ಒಂದು ಹಿಡಿ ಮಣ್ಣು ತಗೊಂಡು ಬಾ. ಎಡೆ ಹತ್ರ ಇಡಾಣ. ಇಷ್ಟು ವರ್ಷ ಬರೀ ಕರೀತಾ ಇದೀನಿ, ದಾರಿ ತೋರಿಸಿ ಕರ್ಕೊಂಡು ಬಂದಂಗೆ ಆಯ್ತದೆ."

"ಹೋಗ್ತೀನಿ ದೊಡ್ಡಪ್ಪ" ಎಂದ ಅವನು.

ನಾನು ಬಾಗಿಲ ಹಿಂದೆ ನಿಂತಿದ್ದೆ. ನನ್ನ ಕಥೆ, ನನ್ನ ಗುಡ್ಡ, ನನ್ನ ಹಸು, ಹೋಗುವವನು ಮಾತ್ರ ಇವನು. ಗಂಡಾಗಿ ಹುಟ್ಟಿದ್ದಕ್ಕೆ ಸರ್ಕಾರಿ ಸೀಲು ಬೇರೆ ಬಿತ್ತು.

ಆ ಮುಂಗಾರು ನನಗೆ ಉದ್ದವಾಗಿ ನೆನಪಿದೆ. ಮಳೆ ಹಿಡಿದು ಹೊಯ್ಯುತ್ತಿತ್ತು. ಸೈಟಿನ ಕಲ್ಲುಗಳು ಸಡಿಲವಾಗಿ ವಾಲಿದ್ದವು. ಲಗ್ಗೆರೆ ಕಡೆಯಿಂದ ಬರುವ ಮಕ್ಕಳು ಮೊಣಕಾಲವರೆಗೆ ಕೆಸರು ಮಾಡಿಕೊಂಡು ಶಾಲೆಗೆ ಬರುತ್ತಿದ್ದರು. ಸಂಜೆ ಮನೆಗೆ ಬಂದು ನಾನು ರಾಗಿ ಹೊಲದಲ್ಲಿ ಕಳೆ ಕೀಳುತ್ತಿದ್ದರೆ ಅಪ್ಪ ಪಕ್ಕದ ಸಾಲಿನಿಂದ ಕೇಳುತ್ತಿದ್ದ, "ಈಗ ಅಲ್ಲಿ ಮಳೇನಾ ಬಿಸಿಲಾ?" ನನ್ನ ಆರೋಗ್ಯ, ನನ್ನ ಶಾಲೆ, ಅಲ್ಲಿನ ಮಕ್ಕಳು ಯಾವುದೂ ಅಪ್ಪನ ಬಾಯಲ್ಲಿ ಬರುತ್ತಿರಲಿಲ್ಲ. ಒಂದು ದಿನ ಶಾಲೆಯ ಭೂಮಿಯ ಗೋಳವನ್ನು ಮನೆಗೆ ತರಲು ಹೇಳಿದ. ತಂದುಕೊಟ್ಟೆ. ಮುನಿ ಇರುವ ಜಾಗ ತೋರಿಸು ಎಂದ. ತೋರಿಸಿದೆ. ಹಡಗು ಬಿದ್ದ ಜಾಗ ತೋರಿಸು ಎಂದ. ಅದನ್ನೂ ತೋರಿಸಿದೆ. ಎರಡೂ ಒಂದು ಬೆರಳಿನಡಿ ಮುಚ್ಚಿಹೋಗುವಷ್ಟು ಹತ್ತಿರ ಇದ್ದವು.

"ಇಷ್ಟೇನಾ? ಹಂಗಾದ್ರೆ ಹೋಗೇ ಬಂದಿರ್ತಾನೆ" ಎಂದು ಅಪ್ಪ ನಕ್ಕ. ಆ ನಗು ನನಗಾಗಿ ಇರಲಿಲ್ಲ. ಗೋಳ ಹಿಡಿದುಕೊಂಡಿದ್ದವಳು ಮಾತ್ರ ನಾನು.

ಮಾಳಯ ಅಮಾವಾಸ್ಯೆ ಹತ್ತಿರ ಬಂದಾಗ ಮುನಿರಾಜು ಬಂದ. ಕೋಟು, ಬೂಟು, ಬೆಳ್ಳಗಾದ ಕೆನ್ನೆ. ಅವ್ವನಿಗೆ ಒಂದು ಕಂಬಳಿ ತಂದಿದ್ದ. ನನಗೆ ಚಿನ್ನದ ಬಣ್ಣದ ಮುಳ್ಳಿನ ಒಂದು ಪೆನ್ನು. ಒಳ್ಳೆಯ ಪೆನ್ನೇ, ಅದೂ ಒಂದು ಸಂಕಟ. ಅಪ್ಪನ ಕೈಗೆ ಬಿಸ್ಕತ್ತಿನ ಡಬ್ಬಿ ಕೊಟ್ಟ. ಒಳಗೆ ಬಟ್ಟೆಯಲ್ಲಿ ಕಟ್ಟಿದ ಮಣ್ಣು. ಅಪ್ಪ ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಕಣ್ಣಿಗೆ ಒತ್ತಿಕೊಂಡ. ನಾನು ಎಷ್ಟು ವರ್ಷ ಆ ಮನೆಯಲ್ಲಿ ನೀರು ಸೇದಿದೆ, ಅಪ್ಪ ಯಾವತ್ತಾದರೂ ನನ್ನ ಕೊಡವನ್ನು ಕಣ್ಣಿಗೆ ಒತ್ತಿಕೊಂಡಿದ್ದನೇ?

ಆವತ್ತು ಸಂಜೆ ಜಗಲಿಯ ತುಂಬ ಜನ. ಮುನಿರಾಜು ನಡುವೆ ಕೂತು ಹೇಳಿದ. ಹಡಗಿನಲ್ಲಿ ಸಮುದ್ರ ದಾಟಿ ಫ್ರಾನ್ಸಿಗೆ ಹೋದದ್ದು, ಗುಡ್ಡ ಹತ್ತಿದ್ದು, ಮಳೆ ಹನಿಯುತ್ತಿದ್ದದ್ದು. ಚೆನ್ನಾಗಿಯೇ ಹೇಳಿದ. ನಾನು ಅಡುಗೆಮನೆಯ ಹೊಸಿಲಲ್ಲಿ ಕೂತು ಅಲಸಂದೆಕಾಯಿ ಸುಲಿಯುತ್ತಾ, ಒಂದೊಂದು ಮಾತಿಗೂ ಒಂದೊಂದು ಕಾಯಿ ಹಿಸುಕುತ್ತಿದ್ದೆ.

"ಅಲ್ಲಿನ ಒಬ್ಬ ಮುದುಕ ಸಿಕ್ಕಿದ್ದ ದೊಡ್ಡಪ್ಪ. ಆವತ್ತು ಗುಡ್ಡದ ಮೇಲೆ ಒಂದು ಹಸು ಮಲಗಿತ್ತಂತೆ. ಬೆಂಕಿಗೆ ಅದರ ಕೊಂಬು ಸುಟ್ಟೋಯ್ತಂತೆ. ಆದ್ರೂ ಬೆಳಗಾನ ಅಲ್ಲೇ ನಿಂತಿತ್ತಂತೆ."

ನನ್ನ ಕೈ ನಿಂತಿತು.

"ಯಾವ ಕೊಂಬು?" ಎಂದ ಅಪ್ಪ.

"ಎಡಗಡೇದು."

ಅಪ್ಪ ಡಬ್ಬಿಯ ಮುಚ್ಚಳ ಒತ್ತಿ ಹಾಕಿದ. ಆಮೇಲೆ ಡಬ್ಬಿಯನ್ನು ಮುನಿರಾಜುವಿನ ತೊಡೆಯ ಮೇಲೆ ಇಟ್ಟು, ಎಲ್ಲರಿಗೂ ಕೇಳುವ ಹಾಗೆ ಹೇಳಿದ, "ಹಡಗಿನೋರ ಎಡೆ ಈ ವರ್ಷದಿಂದ ನೀನೇ ಇಡು. ನಾನು ಇರೋವರ್ಗೂ ಇಡು, ಆಮೇಲೂ ಇಡು."

ಗಂಡುಮಕ್ಕಳಿಲ್ಲದ ಮನೆ ನಮ್ಮದು. ತಾತ ಅಜ್ಜಿಯರ ಎಡೆ ಮುನಿರಾಜುವಿಗೆ ಹೋಗುತ್ತದೆ ಎಂದು ನನಗೆ ಗೊತ್ತಿತ್ತು, ಅದರ ಮೇಲೆ ಆಸೆ ಪಟ್ಟವಳೂ ಅಲ್ಲ. ಆದರೆ ಹಡಗಿನವರು ಯಾವ ಕುಲದವರೂ ಅಲ್ಲ. ಅವರಿಗೆ ಗಂಡೇ ಇಡಬೇಕೆಂದು ಯಾವ ಶಾಸ್ತ್ರ ಹೇಳಿದೆ? ಬನ್ನು ತರುತ್ತಿದ್ದವಳು ನಾನು, ಮೊಟ್ಟೆ ಸುಲಿಯುತ್ತಿದ್ದವಳು ನಾನು, ಸಿಗರೇಟು ಕೊಳ್ಳಲು ನಾಚಿಕೆ ಬಿಟ್ಟು ಅಂಗಡಿಯ ಮುಂದೆ ನಿಲ್ಲುತ್ತಿದ್ದವಳು ನಾನು. ಅಪ್ಪನಿಂದ ನನಗೆ ಬೇಕಾಗಿದ್ದದ್ದು ಆ ಒಂದು ಎಲೆ. ಅದನ್ನೂ ಅವನಿಗೆ ಕೊಟ್ಟ, ಅದೂ ನನ್ನ ಹಸುವನ್ನು ಕೇಳಿ.

ಮಾರನೆಯ ದಿನ ಬಾವಿಯ ಹತ್ತಿರ ಮುನಿರಾಜುವನ್ನು ಹಿಡಿದೆ. ಹಲ್ಲು ಉಜ್ಜುತ್ತಿದ್ದ. ಪೇಸ್ಟಿನಲ್ಲಿ, ಇಂಗ್ಲೆಂಡಿನಿಂದ ಬಂದವನಲ್ಲವೇ.

"ಆ ಹಸು ಯಾರು ಹೇಳಿದ್ದು ನಿಂಗೆ?"

"ಅಲ್ಲಿ ಮುದುಕ ಅಕ್ಕ."

"ಆ ಹಸೂನ ಹುಟ್ಟಿಸಿದ್ದು ನಾನು ಕಣೋ. ರಾಗಿ ಮೆದೆ ಮೇಲೆ ಕೂತ್ಕೊಂಡು. ಫ್ರಾನ್ಸಲ್ಲಿ ಹೆಂಗೆ ಮೇಯುತ್ತೆ ಅದು?"

ಅವನು ಬ್ರಷ್ಷು ಬಾಯಿಂದ ತೆಗೆದ. ಅದು ನಾನು ಕಟ್ಟಿದ ಕಥೆ ಎಂದು ಅವನಿಗೆ ಗೊತ್ತೇ ಇರಲಿಲ್ಲ. ಅಪ್ಪ ಹೇಳಿದ ನಿಜವೆಂದೇ ಇಷ್ಟು ವರ್ಷ ನಂಬಿಕೊಂಡಿದ್ದ. ಬಾವಿಕಟ್ಟೆಯ ಮೇಲೆ ಕೂತು ಹೇಳಿದ, "ಹೋಗಕ್ಕಾಗ್ಲಿಲ್ಲ ಅಕ್ಕ. ಪಾಸ್‌ಪೋರ್ಟಲ್ಲಿ ಫ್ರಾನ್ಸ್ ಬರೆದಿರ್ಲಿಲ್ಲ. ರಜ ಹಾಕಿ ಸಮುದ್ರದ ಹತ್ರ ಬಂದೆ, ಬಂದರಲ್ಲಿ ವಾಪಸ್ ಕಳಿಸಿದ್ರು. ಆ ಕಡೆ ದಡ ಕಾಣ್ಸುತ್ತಾ ಅಂತ ಸಂಜೆವರೆಗೂ ನಿಂತಿದ್ದೆ. ಬರೀ ಮಂಜು."

"ಮಣ್ಣು?"

"ಅವರನ್ನೆಲ್ಲ ಇಂಗ್ಲೆಂಡಿಗೇ ತಂದು ಮಣ್ಣು ಮಾಡಿದಾರೆ. ಹಡಗು ಹೊರಟ ಊರಲ್ಲೇ, ಎಲ್ಲರನ್ನೂ ಒಂದೇ ಕಡೆ. ಅಲ್ಲಿಂದ ತಂದೆ. ಅದು ಸುಳ್ಳಲ್ಲ. ದೊಡ್ಡಪ್ಪ ಕೇಳಿದ್ದು ಬಿದ್ದ ಜಾಗದ್ದು. ಬರಿಗೈಲಿ ಹೆಂಗೆ ನಿಂತ್ಕೊಳ್ಲಿ ಅವರ ಮುಂದೆ? ಹೇಳ್ಬೇಡ ಅಕ್ಕ."

ನಾನು ಕೊಡ ಎತ್ತಿ ಸೊಂಟಕ್ಕಿಟ್ಟುಕೊಂಡು ಬಂದೆ. ಮನಸ್ಸಿನಲ್ಲಿ ಮಾತ್ರ ಆಗಲೇ ತೀರ್ಮಾನ ಮಾಡಿದ್ದೆ. ಎಡೆಯ ದಿನ, ಎಲ್ಲರ ಎದುರಿಗೆ ಹೇಳುತ್ತೇನೆ. ಅಪ್ಪ ಆ ಎಲೆಯನ್ನು ನನಗೆ ಕೊಡಲೇಬೇಕಾಗುತ್ತದೆ.

ಅಮಾವಾಸ್ಯೆಯ ದಿನ ಬೆಳಗಿನಿಂದ ಮನೆ ತುಂಬ ಹೊಗೆ. ಹೊಸ ಬಟ್ಟೆ ಮಡಿಸಿ ಕಳಶದ ಪಕ್ಕ ಇಟ್ಟಿದ್ದರು. ತಾತನ ಎಡೆಯನ್ನು ಅಪ್ಪ ಇಟ್ಟ. ಪಕ್ಕದ ಎಲೆಯ ಮುಂದೆ ಮುನಿರಾಜು ಕೂತ. ಬನ್ನು ಇಟ್ಟ, ಬೆಣ್ಣೆ ಇಟ್ಟ, ಮೊಟ್ಟೆ ಇಟ್ಟ. ಟೀ ಲೋಟವನ್ನು ಎಡಗಡೆ ಇಟ್ಟಾಗ ನನಗೆ ತಡೆಯಲಾಗದೆ "ಬಲಗಡೆ" ಎಂದೆ. ಬಲಗಡೆಗೆ ಸರಿಸಿದ. ಮಣ್ಣನ್ನು ಎಲೆಯ ತುದಿಯಲ್ಲಿ ಸಣ್ಣ ಗುಡ್ಡೆ ಮಾಡಿ ಇಟ್ಟ. ಅಪ್ಪ ಸಾಂಬ್ರಾಣಿ ಹಾಕಿದ. ಎಲ್ಲರೂ ಹೊರಗೆ ಬಂದೆವು. ಅಪ್ಪ ಬಾಗಿಲು ಎಳೆದುಕೊಂಡ.

ನೆಂಟರು ಹುಣಸೆಮರದ ಕೆಳಗೆ ಹೋಗಿ ನಿಂತರು. ಮುನಿರಾಜು ಅವರ ಹಿಂದೆ ನಿಂತು ನನ್ನನ್ನೇ ನೋಡುತ್ತಿದ್ದ. ಬಾಗಿಲ ಹತ್ತಿರ ನಾನು, ಅಪ್ಪ ಇಬ್ಬರೇ.

"ಅಪ್ಪ, ಒಂದು ಮಾತು ಹೇಳ್ಬೇಕು" ಎಂದೆ. ಎಲ್ಲರನ್ನೂ ಕರೆಯುವುದು ಆಮೇಲೆ ಎಂದುಕೊಂಡಿದ್ದೆ.

"ಆ ಹಸು ನಿಂದಲ್ವೇನವ್ವ?" ಎಂದ ಅಪ್ಪ.

ನಾನು ಹುಣಸೆಮರದ ಕಡೆ ತಿರುಗಿ ಮುನಿರಾಜುವನ್ನು ನೋಡಿದೆ.

"ಮೆದೆ ಮೇಲೆ ಕೂತ್ಕೊಂಡು ನೀನೇ ಹೇಳ್ತಿದ್ದೆ. ಎಡಗೊಂಬು. ನಾನೂ ಕೇಳಿದ್ದೆ. ಅವನು ಹೋಗಿಲ್ಲ ಅಂತ ಆವತ್ತೇ ಗೊತ್ತಾಯ್ತು."

"ಗೊತ್ತಿದ್ದೂ ಎಡೆ ಅವನಿಗೆ ಕೊಟ್ಟೆಯಾ?" ಎಂದೆ. "ಕತೆ ನಂದು, ಹಸು ನಂದು. ಇಷ್ಟು ವರ್ಷ ಆ ಎಲೆಗೆ ಬಡಿಸಿದ್ದು ನಾನು. ಸುಳ್ಳು ಹೇಳ್ದೋನಿಗೆ ಕೊಟ್ಟೆ."

ಅಪ್ಪ ಬಾಗಿಲ ಮೇಲೆ ಕೈ ಇಟ್ಟುಕೊಂಡೇ ಮೆಲ್ಲಗೆ ಹೇಳಿದ, ಒಳಗೆ ಉಣ್ಣುತ್ತಿರುವವರಿಗೆ ತೊಂದರೆ ಆಗಬಾರದು ಎಂಬಂತೆ. "ಅವನು ನನ್ನ ಮಾತು ಹೊತ್ಕೊಂಡು ಹೊರಟಿದ್ದ ಕಣವ್ವ. ತಲುಪಲಿಲ್ಲ. ಒಳಗೆ ಕೂತಿರೋ ಹಡಗಿನೋರೂ ಹಂಗೇ ಆದೋರಲ್ವಾ? ಹೊರಟು ತಲುಪದೆ ಇದ್ರೆ ಹೆಂಗಿರ್ತದೆ ಅಂತ ನಮ್ಮನೇಲಿ ಅವನೊಬ್ಬನಿಗೇ ಗೊತ್ತಿರೋದು. ಅವನು ಇಟ್ರೆ ಅವರಿಗೆ ಸೇರ್ತದೆ."

"ನಾನು ಹೊರಡಲೇ ಇಲ್ಲವಲ್ಲಪ್ಪ" ಎಂದೆ. "ನನ್ನ ಯಾರು ಕಳಿಸಿದ್ರು?"

ಅಪ್ಪ ನನ್ನ ಮುಖ ನೋಡಲಿಲ್ಲ. "ಹಸು ಚೆನ್ನಾಗಿತ್ತು" ಎಂದಷ್ಟೇ ಹೇಳಿ, ಬಾಗಿಲಿಗೆ ಮೂರು ಸಲ ತಟ್ಟಿ ತೆಗೆದ. ಒಳಗೆ ಹೊಗೆ ತೆಳುವಾಗಿತ್ತು. ಟೀ ಕೆನೆಗಟ್ಟಿತ್ತು. ನಾನು ಯಾರಿಗೂ ಏನೂ ಹೇಳಲಿಲ್ಲ. ದೊಡ್ಡ ಮನಸ್ಸಿನಿಂದ ಅಲ್ಲ. ಅಪ್ಪನಿಗೆ ಗೊತ್ತಿರುವುದನ್ನೇ ಮತ್ತೆ ಹೇಳಿ ನನಗೇನು ಸಿಗಬೇಕಿತ್ತು?

ಮುನಿರಾಜು ಮಾತ್ರ ಸಾಯುವವರೆಗೂ ನಾನು ಅವನ ಮಾನ ಉಳಿಸಿದೆ ಎಂದೇ ತಿಳಿದುಕೊಂಡಿದ್ದ. ನಾನು ಮದುವೆಯಾಗಿ ವಿಜಯನಗರಕ್ಕೆ ಹೋದ ಮೇಲೆ ಪ್ರತಿ ಮಾಳಯದ ಸಂಜೆಯೂ ಒಂದು ಪೊಟ್ಟಣದಲ್ಲಿ ಆ ಎಲೆಯ ಬನ್ನು ತಂದುಕೊಡುತ್ತಿದ್ದ. ಅಪ್ಪ ಹೋದ. ಅಪ್ಪನ ಎಡೆಯನ್ನೂ ಅವನೇ ಇಟ್ಟ. ರಾಗಿ ಹೊಲದ ಮೇಲೆ ಮೂರು ಅಂತಸ್ತಿನ ಮನೆಗಳೆದ್ದವು, ಬಾವಿ ಮುಚ್ಚಿತು, ಹುಣಸೆಮರದ ಜಾಗದಲ್ಲಿ ಟ್ರಾನ್ಸ್‌ಫಾರ್ಮರ್ ಬಂತು. ನಾನು ಫ್ರಾನ್ಸಿಗೆ ಹೊರಡುವ ಹಿಂದಿನ ಚಳಿಗಾಲ ಮುನಿರಾಜುವೂ ಹೋದ. ನಾನು ಅಲ್ಲಿಗೆ ಹೋಗಿ ಬಂದೆ ಎಂದು ಹೇಳಿ ಉರಿಸಲು ಕೂಡ ಅವನು ಉಳಿಯಲಿಲ್ಲ.

ಈ ಸಲದ ಮಾಳಯಕ್ಕೆ ಕುರುಬರಹಳ್ಳಿಗೆ ಹೋದೆ. ಎಡೆ ಇಟ್ಟವನು ಮುನಿರಾಜುವಿನ ಮಗ. ಈಗ ಎಲೆಗಳು ಜಾಸ್ತಿಯಾಗಿವೆ. ತಾತನದು, ಅಪ್ಪ ಅವ್ವನದು, ಮುನಿರಾಜುವಿನದು, ಕೊನೆಗೆ ಬನ್ನು ಬೆಣ್ಣೆಯದು. ಟೀ ಲೋಟವನ್ನು ಯಾರೂ ಹೇಳದೆಯೇ ಬಲಗಡೆ ಇಟ್ಟ. ಮುನಿರಾಜುವನ್ನು ನೋಡಿ ಕಲಿತಿರಬೇಕು, ಮೂಲದಲ್ಲಿ ಅದು ನನ್ನಿಂದ ಬಂದದ್ದು. ಆದರೆ ಅವನಿಗೆ ಅದು ಗೊತ್ತಿಲ್ಲ.

"ಅತ್ತೆ, ನೀವೇನಾದ್ರೂ ಇಡ್ತೀರಾ?" ಎಂದು ಕೇಳಿದ.

ಪರ್ಸಿನಿಂದ ಮಾತ್ರೆಯ ಡಬ್ಬಿ ತೆಗೆದೆ. ಹಡಗಿನವರ ಎಲೆಗೆ ಹಾಕುತ್ತೇನೆ ಎಂದುಕೊಂಡಿರಬೇಕು ಅವನು. ನಾನು ಅದರಲ್ಲಿದ್ದ ಮಣ್ಣನ್ನು ಮುನಿರಾಜುವಿನ ಎಲೆಯ ತುದಿಯಲ್ಲಿ, ಅವನಿಗೆ ಇಷ್ಟವಾದ ಬಾಡಿನ ಸಾರಿನ ಪಕ್ಕ, ಗುಡ್ಡೆ ಮಾಡಿ ಇಟ್ಟೆ.

"ತಗೋ" ಎಂದೆ. "ಬಿದ್ದ ಜಾಗದ್ದು. ನಾನೇ ಹೋಗಿ ತಂದಿದ್ದು. ಹಸು ಇರ್ಲಿಲ್ಲ ಕಣೋ ಅಲ್ಲಿ."

ಎಲ್ಲರೂ ಹೊರಗೆ ಬಂದೆವು. ಬಾಗಿಲು ಎಳೆದುಕೊಂಡದ್ದು ನಾನೇ, ಅಪ್ಪನ ಹಾಗೆಯೇ ಅದರ ಮೇಲೆ ಕೈ ಇಟ್ಟುಕೊಂಡು ನಿಂತೆ. ಒಳಗೆ ಮುನಿರಾಜು ಆ ಮಣ್ಣನ್ನು ಎತ್ತಿ ಅಪ್ಪನ ಕೈಗೆ ಕೊಡುತ್ತಿರಬೇಕು, ಅಪ್ಪ ಕಣ್ಣಿಗೆ ಒತ್ತಿಕೊಳ್ಳುತ್ತಿರಬೇಕು. ಇಬ್ಬರೂ ಪಕ್ಕಪಕ್ಕದ ಎಲೆಯಲ್ಲಿ ಕೂತು ಉಣ್ಣುತ್ತಿದ್ದಾರೆ, ನಾನು ಮತ್ತೆ ಬಾಗಿಲ ಹೊರಗೆ. ಹೊಟ್ಟೆ ಉರಿಯಿತು.